ಎರವಲು ಹೋದವರು: ಡೆಪ್ಯುಟೇಷನ್ ಮೇಲೆ ಹೋದ ಸರ್ಕಾರಿ ನೌಕರರ ಹಕ್ಕಿನ ಕಥೆ

ಈ ಸಲದ ಮಾತು ನಮ್ಮ ಮನೆಯ ಒಂದು ಹಳೇ ಫೈಲಿನಿಂದ ಶುರುವಾಗುತ್ತೆ. ನನ್ನ ಅಪ್ಪ ರಾಜ್ಯ ಸರ್ಕಾರದ ಒಂದು ಇಲಾಖೆಯಲ್ಲಿ ಪ್ರಥಮ ದರ್ಜೆ ಸಹಾಯಕರಾಗಿದ್ದರು. ನಾನು ಹೈಸ್ಕೂಲಿನಲ್ಲಿದ್ದಾಗ ಅವರನ್ನು ಒಂದು ನಿಗಮಕ್ಕೆ ನಿಯೋಜನೆ ಮೇಲೆ ಕಳಿಸಿದರು. ಮೂರು ವರ್ಷ ಅಂತ ಹೋದವರು ಎಂಟು ವರ್ಷ ಅಲ್ಲೇ ಇದ್ದರು. ವಾಪಸ್ ಬಂದು ನೋಡಿದರೆ ಜ್ಯೇಷ್ಠತಾ ಪಟ್ಟಿಯಲ್ಲಿ ಅವರ ಹೆಸರು ಇರಬೇಕಾದ ಜಾಗದಲ್ಲಿ ಇಲ್ಲ. ಅವರಿಗಿಂತ ಆಮೇಲೆ ಸೇರಿದವರು ಸೂಪರಿಂಟೆಂಡೆಂಟ್ ಆಗಿ ಕೂತಿದ್ದಾರೆ. ಆ ದಿನ ಅಪ್ಪ ಊಟಕ್ಕೆ ಕೂತಾಗ ಹೇಳಿದ ಮಾತು ನನಗೆ ಇನ್ನೂ ನೆನಪಿದೆ: "ತಮ್ಮಾ, ಅವರ ಕೆಲಸಕ್ಕಂತನ ಅವರ ಕಳಿಸಿದ್ರು. ಹೋಗಿ ಬಂದಾಂವ ಹೊರಗಿನಾಂವ ಆಗ್ತಾನೇನ?"

ಆ ಪ್ರಶ್ನೆಗೆ ನಮ್ಮ ದೇಶದ ಕಾನೂನಿನಲ್ಲಿ ಉತ್ತರ ಇದೆ. ಅದು ಒಂದೇ ದಿನದಲ್ಲಿ ಬಂದದ್ದಲ್ಲ, ಸುಮಾರು ನೂರು ವರ್ಷಗಳಲ್ಲಿ ತುಂಡು ತುಂಡಾಗಿ ಬಂದದ್ದು. ನಾನು ವಕೀಲ ಅಲ್ಲ, ಪುಣೆಯಲ್ಲಿ ಕೋಡ್ ಬರೆಯೋನು. ಆದರೆ ಅಪ್ಪನ ಫೈಲ್ ನೋಡ್ತಾ ನೋಡ್ತಾ ಈ ವಿಷಯ ಓದಿದೆ.

ನಮಗೆ ಐಟಿಯವರಿಗೆ ಇದು ಪೂರ್ತಿ ಹೊಸದೇನಲ್ಲ. ಕಂಪನಿ ನಮ್ಮನ್ನು ಕ್ಲೈಂಟ್ ಆಫೀಸಿಗೆ ಕಳಿಸುತ್ತೆ, ಸಂಬಳ ಒಬ್ಬರದು, ಕೆಲಸ ಹೇಳೋದು ಇನ್ನೊಬ್ಬರು. ಎರಡು ವರ್ಷ ಆದಮೇಲೆ ವಾಪಸ್ ಬಂದರೆ ನಮ್ಮ ಮ್ಯಾನೇಜರ್‌ಗೆ ನಮ್ಮ ಹೆಸರೇ ಮರೆತಿರುತ್ತೆ, ಅಪ್ರೈಸಲ್‌ನಲ್ಲಿ ಬೆಂಚಿನಿಂದ ಬಂದವನ ಲೆಕ್ಕ. ನಮಗೆ ಇದರ ವಿರುದ್ಧ ಕೇಳೋಕೆ ಆಫರ್ ಲೆಟರ್ ಬಿಟ್ಟರೆ ಏನಿಲ್ಲ. ಸರ್ಕಾರಿ ನೌಕರನಿಗೆ ಮಾತ್ರ ಇದೆ.

ಮೊದಲು ಪದಗಳು. ಡೆಪ್ಯುಟೇಷನ್‌ಗೆ ಕನ್ನಡದಲ್ಲಿ ನಿಯೋಜನೆ ಅಂತಾರೆ, ಎರವಲು ಸೇವೆ ಅಂತಲೂ ಅಂತಾರೆ. ನನಗೆ ಎರಡನೇದೇ ಇಷ್ಟ, ಯಾಕಂದ್ರೆ ಎರವಲು ಅಂದಕೂಡಲೇ ಅರ್ಥ ಆಗುತ್ತೆ: ಕೊಟ್ಟವರಿದ್ದಾರೆ, ತಗೊಂಡವರಿದ್ದಾರೆ, ವಾಪಸ್ ಬರಬೇಕು. ಕೊಟ್ಟದ್ದು ಮಾತೃ ಇಲಾಖೆ. ಇನ್ನೊಂದು ಪದ ಲೀನ್. ಫಿಕ್ಸೆಡ್ ಡಿಪಾಸಿಟ್ ಮೇಲೆ ಸಾಲ ತಗೊಂಡಾಗ ಬ್ಯಾಂಕ್‌ನವರು ಲೀನ್ ಹಾಕ್ತಾರಲ್ಲ, ಅದೇ ಪದ. ಇಲ್ಲಿ ದುಡ್ಡಿನ ಬದಲು ಕುರ್ಚಿ. ನೌಕರ ಎಲ್ಲೇ ಇರಲಿ, ಅವನ ಕಾಯಂ ಹುದ್ದೆಯ ಮೇಲೆ ಅವನ ಹಕ್ಕು ಕಟ್ಟಿಹಾಕಿದ ಹಾಗೆ ಉಳಿದಿರುತ್ತೆ.

ಈ ಎರವಲು ಪದ್ಧತಿ ಬ್ರಿಟಿಷರ ಕಾಲದಲ್ಲೇ ಜೋರಾಗಿತ್ತು. ಸಂಸ್ಥಾನಗಳಿಗೆ ಅನುಭವಿ ಅಧಿಕಾರಿಗಳು ಬೇಕು, ಅವರು ಇರೋದು ಬ್ರಿಟಿಷ್ ಪ್ರಾಂತ್ಯಗಳಲ್ಲಿ. ಮೈಸೂರನ್ನೇ ನೋಡಿ. ರಂಗಾಚಾರ್ಲು ಮದ್ರಾಸ್ ಪ್ರಾಂತ್ಯದ ಸೇವೆಯಲ್ಲಿದ್ದವರು, 1868ರಲ್ಲಿ ಮೈಸೂರಿಗೆ ಬಂದರು, 1881ರಲ್ಲಿ ದಿವಾನರಾದರು. 1922ರಿಂದ 1926ರವರೆಗೆ ಮೈಸೂರಿನ ದಿವಾನರಾಗಿದ್ದ ಆಲ್ಬಿಯನ್ ಬ್ಯಾನರ್ಜಿ ಐಸಿಎಸ್ ಅಧಿಕಾರಿ, ಅದಕ್ಕೂ ಮೊದಲು ಕೊಚ್ಚಿಯಲ್ಲಿ ದಿವಾನಗಿರಿ ಮಾಡಿದ್ದವರು. ನಮ್ಮ ವಿಶ್ವೇಶ್ವರಯ್ಯನವರು ಬಾಂಬೆ ಲೋಕೋಪಯೋಗಿ ಇಲಾಖೆಯಲ್ಲಿದ್ದಾಗ ಸಿಂಧ್‌ನ ಸಕ್ಕರ್‌ಗೆ ನೀರು ತರಲು ಹೋದರು, 1906ರಲ್ಲಿ ಏಡನ್‌ಗೆ ಹೋದರು. ಮೈಸೂರಿಗೆ ಮಾತ್ರ ಅವರು ಎರವಲು ಬಂದವರಲ್ಲ. ಬಾಂಬೆ ಸೇವೆಗೆ ಮೊದಲೇ ನಮಸ್ಕಾರ ಹೇಳಿ ಬಂದವರು. ವ್ಯತ್ಯಾಸ ಸಣ್ಣದು ಅನ್ನಿಸಬಹುದು, ಕಾನೂನಿನಲ್ಲಿ ದೊಡ್ಡದು. ನಿವೃತ್ತಿ ಪಡೆದು ಬಂದವನಿಗೆ ಹಿಂದೆ ಕುರ್ಚಿ ಇರಲ್ಲ.

ಇಂಥ ಓಡಾಟಕ್ಕೆಲ್ಲ ಒಂದು ನಿಯಮ ಪುಸ್ತಕ ಬಂದದ್ದು 1922ರ ಜನವರಿ 1ರಂದು. ಫಂಡಮೆಂಟಲ್ ರೂಲ್ಸ್, ಮೂಲಭೂತ ನಿಯಮಗಳು. ಇವತ್ತಿಗೂ ಕೇಂದ್ರ ಸರ್ಕಾರದ ಆಫೀಸುಗಳಲ್ಲಿ ಎಫ್‌ಆರ್ ಅಂದ್ರೆ ಇದೇ. ನೂರು ವರ್ಷದ ಲೆಗಸಿ ಕೋಡ್, ಪ್ಯಾಚ್ ಮೇಲೆ ಪ್ಯಾಚ್, ಆದರೆ ಪ್ರೊಡಕ್ಷನ್‌ನಲ್ಲಿ ಓಡ್ತಾನೇ ಇದೆ. ಇದರಲ್ಲಿ ಫಾರಿನ್ ಸರ್ವಿಸ್ ಅಂತ ಒಂದು ಅಧ್ಯಾಯ ಇದೆ. ಮೊದಲ ಸಲ ಓದಿದಾಗ ವೀಸಾ, ಪಾಸ್‌ಪೋರ್ಟ್ ವಿಷಯ ಅಂದ್ಕೊಂಡಿದ್ದೆ. ಅಲ್ಲ. ಸರ್ಕಾರದ ಸ್ವಂತ ಖಜಾನೆ ಬಿಟ್ಟು ಬೇರೆ ಕಡೆಯಿಂದ ಸಂಬಳ ಬರುವ ಸೇವೆಯೇ ಫಾರಿನ್ ಸರ್ವಿಸ್. ಪಕ್ಕದ ಬೀದಿಯ ನಿಗಮವಾದರೂ ಅದು ಫಾರಿನ್ನೇ.

ಆ ಪುಸ್ತಕದ ಮೂರು ನಿಯಮ ಹೇಳಲೇಬೇಕು. 110ನೇ ನಿಯಮದ ಪ್ರಕಾರ ಸಾಮಾನ್ಯವಾಗಿ ನೌಕರನ ಇಚ್ಛೆಗೆ ವಿರುದ್ಧವಾಗಿ ಅವನನ್ನು ಫಾರಿನ್ ಸರ್ವಿಸ್‌ಗೆ ಕಳಿಸುವ ಹಾಗಿಲ್ಲ. 113ನೇ ನಿಯಮದ ಪ್ರಕಾರ ಹೋದವನು ತನ್ನ ಕೇಡರ್‌ನಲ್ಲೇ ಉಳಿದಿರುತ್ತಾನೆ, ಅಲ್ಲಿನ ಬಡ್ತಿಗೆ ಅವನನ್ನೂ ಪರಿಗಣಿಸಬಹುದು. ಮೂರನೇದು ನನಗೆ ಬಹಳ ಹಿಡಿಸಿದ್ದು, 14-ಎ. ಒಬ್ಬ ನೌಕರನ ಲೀನ್ ತೆಗೆದರೆ ಅವನಿಗೆ ಯಾವ ಕಾಯಂ ಹುದ್ದೆಯ ಮೇಲೂ ಹಕ್ಕಿಲ್ಲದ ಹಾಗಾಗುತ್ತೆ ಅಂದ್ರೆ, ಅವನೇ ಒಪ್ಪಿಗೆ ಕೊಟ್ಟರೂ ಆ ಲೀನ್ ತೆಗೆಯೋಹಾಗಿಲ್ಲ. ಒಪ್ಪಿದರೂ ಇಲ್ಲ! ಮೇಲಿನವರು ಕೂರಿಸಿಕೊಂಡು ಸಹಿ ಹಾಕಿಸಿಕೊಳ್ಳುವ ಆಟ ಬರೆದವರಿಗೆ ಗೊತ್ತಿತ್ತು ಅನ್ಸುತ್ತೆ.

ರಾಜ್ಯಗಳೂ ತಮ್ಮ ತಮ್ಮ ಸೇವಾ ನಿಯಮಗಳಲ್ಲಿ ಇದೇ ಎಳೆ ಹಿಡಿದವು. ಬಾಂಬೆಯದು ಬೇರೆ ಪುಸ್ತಕ, ಮೈಸೂರಿನದು ಬೇರೆ. ನಿಯಮ ಪುಸ್ತಕದಲ್ಲಿ ಇರೋದು ಒಂದು, ಆಫೀಸಿನಲ್ಲಿ ನಡೆಯೋದು ಇನ್ನೊಂದು ಅಂತ ಎಲ್ಲರಿಗೂ ಗೊತ್ತು. ಹಾಗಾಗಿ ಕೋರ್ಟಿನ ಮೆಟ್ಟಿಲು ಹತ್ತಿದವರ ಕಥೆಗೆ ಬರೋಣ. ಮೊದಲನೇದು ನಮ್ಮ ಕಡೆಯದೇ.

ಎಂ.ಎಚ್. ಬಳ್ಳಾರಿ ಅನ್ನುವವರು ಹಳೇ ಬಾಂಬೆ ರಾಜ್ಯದ ನೌಕರರು. ಮಾತೃ ಇಲಾಖೆಯಿಂದ ಬೇರೆ ಇಲಾಖೆಗೆ ಎರವಲು ಹೋದರು. 1956ರ ನವೆಂಬರ್ 1ರಂದು ರಾಜ್ಯಗಳ ಪುನರ್ವಿಂಗಡಣೆ ಆಯಿತು, ಮುಂಬೈ ಕರ್ನಾಟಕದ ಜಿಲ್ಲೆಗಳ ಜೊತೆ ಅವರೂ ಮೈಸೂರು ರಾಜ್ಯಕ್ಕೆ ಬಂದರು. ಮಾತೃ ಇಲಾಖೆಗೆ ವಾಪಸಾದಾಗ ನೋಡಿದರೆ ಅವರಿಗಿಂತ ಕಿರಿಯರು ಮೇಲೆ ಹೋಗಿದ್ದಾರೆ, ಇವರಿಗೆ ಹಳೇ ಕೆಳಗಿನ ಕುರ್ಚಿ. ಅವರು ಮೈಸೂರು ಹೈಕೋರ್ಟಿಗೆ ಹೋದರು, ಗೆದ್ದರು. ಸರ್ಕಾರ ಸುಮ್ಮನಿರದೆ ಸುಪ್ರೀಂ ಕೋರ್ಟಿಗೆ ಹೋಯಿತು. 1964ರಲ್ಲಿ ಅಲ್ಲೂ ಬಳ್ಳಾರಿಯವರೇ ಗೆದ್ದರು.

ಕೋರ್ಟು ಆಧಾರ ಮಾಡಿಕೊಂಡದ್ದು ಬಾಂಬೆ ನಾಗರಿಕ ಸೇವಾ ನಿಯಮಗಳ 50(ಬಿ) ಅನ್ನು. ಅದರ ತಿರುಳು ಇಷ್ಟು: ಎರವಲು ಹೋದ ಕಾಲದ ಸೇವೆಯನ್ನು ಮಾತೃ ಇಲಾಖೆಯ ಸೇವೆ ಅಂತಲೇ ಎಣಿಸಬೇಕು. ಹಾಗೆ ಎಣಿಸಿದಮೇಲೆ, ಅವನು ಅಲ್ಲೇ ಇದ್ದಿದ್ದರೆ ಸಿಗುತ್ತಿದ್ದ ಬಡ್ತಿಯನ್ನು ಹೊರಗೆ ಹೋದ ಕಾರಣಕ್ಕೆ ತಪ್ಪಿಸೋಕೆ ಬರಲ್ಲ. ಅವನು ಬಡ್ತಿಗೆ ಯೋಗ್ಯನಲ್ಲ ಅಂತ ಯಾರಾದರೂ ತೀರ್ಮಾನಿಸಿದ್ದರೆ ಅದು ಬೇರೆ ಮಾತು. ಅಂಥ ತೀರ್ಮಾನ ಇಲ್ಲದೆ, ಬರೀ "ನೀನು ಇಲ್ಲಿ ಇರಲಿಲ್ಲ" ಅನ್ನೋದು ಕಾರಣವೇ ಅಲ್ಲ. ಅಪ್ಪನ ಪ್ರಶ್ನೆಗೆ ಉತ್ತರ ಅಪ್ಪ ಕೆಲಸಕ್ಕೆ ಸೇರೋದಕ್ಕೂ ಮುಂಚೆಯೇ ಬಂದಿತ್ತು, ನೋಡಿ. ಇದರ ಜೊತೆಗೆ ನೆಕ್ಸ್ಟ್ ಬಿಲೋ ರೂಲ್ ಅಂತ ಇನ್ನೊಂದು ಪದ್ಧತಿಯೂ ಇದೆ. ಹೊರಗೆ ಇರುವವನ ಕೆಳಗಿನ ಮುಂದಿನ ಹೆಸರಿನವನಿಗೆ ಮಾತೃ ಇಲಾಖೆಯಲ್ಲಿ ಬಡ್ತಿ ಸಿಕ್ಕರೆ, ಹೊರಗಿರುವವನಿಗೂ ಕಾಗದದ ಮೇಲೆ ಬಡ್ತಿ. ಆಫೀಸಿನ ಭಾಷೆಯಲ್ಲಿ ಪ್ರೋಫಾರ್ಮಾ ಪ್ರಮೋಷನ್.

ಆ ಮೇಲೆ ಬಂದ ಪ್ರಶ್ನೆ ಉಲ್ಟಾ. ಎರವಲು ಹೋದವನು ವಾಪಸ್ ಬರದೆ ಅಲ್ಲೇ ಕಾಯಂ ಆದರೆ? ಹಳೇ ಇಲಾಖೆಯ ವರ್ಷಗಳು ಲೆಕ್ಕಕ್ಕೆ ಬರ್ತಾವಾ? ಮುಂಬೈನಲ್ಲಿ ಇರೋರಿಗೆ ಇದು ಹತ್ತಿರದ ಕಥೆ. ಅಲ್ಲಿನ ಪಡಿತರ ಇಲಾಖೆಯನ್ನು ಕಟ್ಟಿದ್ದೇ ಬೇರೆ ಬೇರೆ ಇಲಾಖೆಗಳಿಂದ ತಂದ ನೌಕರರಿಂದ. ಅವರನ್ನೆಲ್ಲ ಒಂದೇ ಪಟ್ಟಿಯಲ್ಲಿ ಕೂರಿಸುವಾಗ ಮಹಾರಾಷ್ಟ್ರ ಸರ್ಕಾರ 1968ರಲ್ಲಿ ಒಂದು ನಿರ್ಣಯ ಹೊರಡಿಸಿ, ಹಿಂದಿನ ಇಲಾಖೆಯ ಸೇವೆಯನ್ನೂ ಜ್ಯೇಷ್ಠತೆಗೆ ಎಣಿಸಿತು. ಪಡಿತರ ಇಲಾಖೆಗೇ ನೇರವಾಗಿ ಬಂದವರಿಗೆ ಸಿಟ್ಟು ಬಂತು. ಅವರ ದೃಷ್ಟಿಯಿಂದ ನೋಡಿದರೆ ಅದೂ ಸಹಜವೇ: ನಿನ್ನೆ ಮೊನ್ನೆ ಎರವಲು ಬಂದವನು ಇವತ್ತು ನನ್ನ ಮೇಲಿನ ಸಾಲಿನಲ್ಲಿ. ಆದರೆ ಅವರು ಕೋರ್ಟಿಗೆ ಹೋದದ್ದು 1976ರಲ್ಲಿ, ಎಂಟು ವರ್ಷ ಬಿಟ್ಟು. ಹೈಕೋರ್ಟಿನಲ್ಲಿ ಗೆದ್ದರು. 1981ರ ಡಿಸೆಂಬರ್‌ನಲ್ಲಿ, ಮಕಾಶಿ ಪ್ರಕರಣ ಅಂತ ಹೆಸರಾದ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಅದನ್ನು ತಿರುಗಿಸಿತು. ಸೇವೆಯ ಉದ್ದವನ್ನು ಎಣಿಸೋದು ನ್ಯಾಯವೇ, ಮೇಲಾಗಿ ಇಷ್ಟು ತಡವಾಗಿ ಬಂದು ಎಲ್ಲರ ಜಾಗ ಅಲ್ಲಾಡಿಸೋದು ಸರಿಯಲ್ಲ ಅಂತ.

ಇದೇ ಪ್ರಶ್ನೆ ದೆಹಲಿಯಲ್ಲಿ ಇನ್ನೊಂದು ರೂಪದಲ್ಲಿ ಬಂತು. ಗಡಿ ಭದ್ರತಾ ಪಡೆಯ ಸಬ್ ಇನ್‌ಸ್ಪೆಕ್ಟರುಗಳು ದೆಹಲಿ ಪೊಲೀಸಿಗೆ ಎರವಲು ಬಂದು ಅಲ್ಲೇ ಕಾಯಂ ಆದರು. 1986ರ ಕೇಂದ್ರ ಸುತ್ತೋಲೆಯೊಂದು, ಅವರ ಜ್ಯೇಷ್ಠತೆ ಎರವಲು ಬಂದ ದಿನದಿಂದಲೋ ಮಾತೃ ಇಲಾಖೆಯಲ್ಲಿ ಸಮಾನ ಹುದ್ದೆಗೆ ಬಂದ ದಿನದಿಂದಲೋ, ಎರಡರಲ್ಲಿ ಯಾವುದು ತಡವೋ ಅದರಿಂದ ಅಂತ ಹೇಳ್ತಿತ್ತು. ನಮ್ಮ ಭಾಷೆಯಲ್ಲಿ ಹೇಳೋದಾದ್ರೆ ಮಿನ್ ಇರಬೇಕಾದ ಕಡೆ ಮ್ಯಾಕ್ಸ್ ಬರೆದಿದ್ದರು. ಎರವಲು ಬಂದವನ ಹಿಂದಿನ ವರ್ಷಗಳೆಲ್ಲ ಒಂದೇ ಸಾಲಿನಲ್ಲಿ ಸೊನ್ನೆ. 1999ರ ಡಿಸೆಂಬರ್‌ನಲ್ಲಿ ರೂಪಲಾಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಆ "ಯಾವುದು ತಡವೋ" ಅನ್ನೋದನ್ನು ಹೊಡೆದುಹಾಕಿತು, ಸಮಾನತೆಯ ಹಕ್ಕಿಗೆ ವಿರುದ್ಧ ಅಂತ. 2001ರಲ್ಲಿ ಸರ್ಕಾರ ಸುತ್ತೋಲೆಯನ್ನು "ಯಾವುದು ಮೊದಲೋ" ಅಂತ ತಿದ್ದಿತು. ಒಂದು ಪದದ ಬಗ್ ಫಿಕ್ಸ್‌ಗೆ ಹದಿನೈದು ವರ್ಷ.

ಇನ್ನು ಒಪ್ಪಿಗೆಯ ವಿಷಯ. ಜವಾಹರಲಾಲ್ ನೆಹರೂ ವಿಶ್ವವಿದ್ಯಾಲಯ ಇಂಫಾಲದಲ್ಲಿ ಒಂದು ಸ್ನಾತಕೋತ್ತರ ಕೇಂದ್ರ ನಡೆಸ್ತಿತ್ತು. ಅದನ್ನು 1981ರಲ್ಲಿ ಮಣಿಪುರ ವಿಶ್ವವಿದ್ಯಾಲಯಕ್ಕೆ ಕೊಟ್ಟರು. ಕಟ್ಟಡ, ಮೇಜು, ಕುರ್ಚಿ ಹೋದ ಹಾಗೆ ಅಧ್ಯಾಪಕರೂ ಹೋದರು ಅಂತ ಲೆಕ್ಕ. ಡಾ. ಕೆ.ಎಸ್. ಜಾವಟ್ಕರ್ ಅನ್ನುವ ಅಧ್ಯಾಪಕರು ಒಪ್ಪಲಿಲ್ಲ. ನನ್ನನ್ನು ನೇಮಿಸಿದ್ದು ಜೆಎನ್‌ಯು, ನಾನು ಜೆಎನ್‌ಯು ನೌಕರ ಅಂದರು. 1989ರಲ್ಲಿ ಸುಪ್ರೀಂ ಕೋರ್ಟ್ ಅವರ ಮಾತು ಎತ್ತಿಹಿಡಿಯಿತು: ನೌಕರನ ಒಪ್ಪಿಗೆ ಇಲ್ಲದೆ ಅವನ ಸೇವಾ ಒಪ್ಪಂದವನ್ನು ಇನ್ನೊಬ್ಬ ಮಾಲೀಕನಿಗೆ ವರ್ಗಾಯಿಸೋಕೆ ಬರಲ್ಲ. ಹತ್ತು ವರ್ಷದ ನಂತರ, 1999ರ ಉಮಾಪತಿ ಚೌಧರಿ ಪ್ರಕರಣದಲ್ಲಿ ಇದಕ್ಕೆ ಇನ್ನೂ ಸ್ಪಷ್ಟ ರೂಪ ಬಂತು. ಎರವಲು ಅಂದರೆ ಮೂವರ ಒಪ್ಪಂದ. ಕೊಡುವವರು, ತಗೊಳ್ಳುವವರು, ಹೋಗುವವನು. ಕಂಪನಿಯೊಂದನ್ನು ಇನ್ನೊಂದು ಕಂಪನಿ ಕೊಂಡಾಗ ಬೆಳಗ್ಗೆ ಎದ್ದು ಹೊಸ ಇಮೇಲ್ ಐಡಿ ನೋಡಿದವರಿಗೆ ಇದು ಸ್ವಲ್ಪ ಹೊಟ್ಟೆಕಿಚ್ಚು ತರಿಸಬಹುದು.

ಇಲ್ಲಿವರೆಗೆ ಕೇಳಿ ಎರವಲು ನೌಕರನಿಗೆ ಎಲ್ಲ ಹಕ್ಕೂ ಇದೆ ಅಂದ್ಕೊಂಡ್ರೆ ತಪ್ಪು. ಹೋದ ಕಡೆ ಉಳಿಯುವ ಹಕ್ಕು ಅವನಿಗಿಲ್ಲ. ಪಂಜಾಬಿನಲ್ಲಿ ಜಿಲ್ಲಾ ಪೊಲೀಸಿನಿಂದ ಸಿಐಡಿಗೆ ಎರವಲು ಹೋದ ಕಾನ್‌ಸ್ಟೇಬಲ್‌ಗಳು ವರ್ಷಗಟ್ಟಲೆ ಅಲ್ಲೇ ದುಡಿದರು, ಅಲ್ಲೇ ತಾತ್ಕಾಲಿಕ ಬಡ್ತಿಗಳೂ ಸಿಕ್ಕಿದ್ದವು. ವಾಪಸ್ ಕಳಿಸಿದಾಗ ಹಳೇ ದರ್ಜೆಗೆ ಇಳಿಯಬೇಕು. 1997ರ ಇಂದರ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಎಷ್ಟು ವರ್ಷ ಇದ್ದರೂ ಎರವಲು ಎರವಲೇ, ಕಾಯಂ ಮಾಡಿ ಅಂತ ಕೇಳೋ ಹಕ್ಕಿಲ್ಲ ಅಂದಿತು. 2000ದಲ್ಲಿ ಸಿಆರ್‌ಪಿಎಫ್‌ನಿಂದ ಸಿಬಿಐಗೆ ಹೋಗಿದ್ದ ಕುನಾಲ್ ನಂದಾ ಅವರಿಗೂ ಅದೇ ಉತ್ತರ: ಯಾವಾಗ ಬೇಕಾದರೂ ವಾಪಸ್ ಕಳಿಸಬಹುದು. ಇವತ್ತು ಯಾವ ಇಲಾಖೆಯ ವಕೀಲರೂ ಮೊದಲು ತೆಗೆಯುವ ತೀರ್ಪು ಇದೇ.

ಇಂದರ್ ಸಿಂಗ್ ತೀರ್ಪು ತರ್ಕದಲ್ಲಿ ಸರಿ ಅಂತ ನನಗೂ ಅನ್ಸುತ್ತೆ. ಆದರೆ ವರ್ಷಾನುಗಟ್ಟಲೆ ಇಟ್ಟುಕೊಂಡು, ಹೆಗಲ ಮೇಲೆ ಪಟ್ಟಿ ಏರಿಸಿ, ಆಮೇಲೆ ಇಳಿಸಿ ಕಳಿಸೋದರಲ್ಲಿ ತಪ್ಪು ಯಾರದು? ಗಡುವು ಮುಗಿದ ದಿನವೇ ಕಳಿಸದೆ ಇಟ್ಟುಕೊಂಡವರದಲ್ವಾ? ಆ ತಪ್ಪಿನ ಬೆಲೆ ಕೊಟ್ಟದ್ದು ಮಾತ್ರ ಕಾನ್‌ಸ್ಟೇಬಲ್.

ವಾಪಸ್ ಕಳಿಸುವ ಅಧಿಕಾರಕ್ಕೂ ಒಂದು ಗೆರೆ ಇದೆ. ಅದನ್ನು ಎಳೆದದ್ದು ದೇಬೇಶ್ ಚಂದ್ರ ದಾಸ್ ಪ್ರಕರಣ. ಅವರು ಅಸ್ಸಾಂ ಕೇಡರ್‌ನ ಐಸಿಎಸ್ ಅಧಿಕಾರಿ, ಕೇಂದ್ರದಲ್ಲಿ ಸಾಮಾಜಿಕ ಭದ್ರತಾ ಇಲಾಖೆಯ ಕಾರ್ಯದರ್ಶಿ. ಅವಧಿ ಮುಗಿಯೋ ಮೊದಲೇ 1966ರಲ್ಲಿ ಅವರಿಗೆ ಪತ್ರ ಬಂತು: ನಿಮ್ಮ ಕೆಲಸ ನಾವು ಬಯಸಿದ ಮಟ್ಟದಲ್ಲಿಲ್ಲ, ಅಸ್ಸಾಂಗೆ ವಾಪಸ್ ಹೋಗಿ, ಇಲ್ಲವೇ ನಿವೃತ್ತಿಗೆ ಮೊದಲಿನ ರಜೆ ಹಾಕಿ, ಇಲ್ಲವೇ ಇದಕ್ಕಿಂತ ಕೆಳಗಿನ ಹುದ್ದೆ ತಗೊಳ್ಳಿ. ಅಸ್ಸಾಂಗೆ ಹೋದರೂ ಸಂಬಳ ಕಡಿಮೆ. 1969ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಬರೀ ವಾಪಸಾತಿ ಅಂತ ಒಪ್ಪಲಿಲ್ಲ. ಅವಧಿ ಇರುವಾಗಲೇ ಕಳಂಕ ಹಚ್ಚಿ ಕೆಳಗಿಳಿಸಿದರೆ ಅದು ಶಿಕ್ಷೆ. ಶಿಕ್ಷೆ ಅಂದಮೇಲೆ ಸಂವಿಧಾನದ 311ನೇ ವಿಧಿಯ ಪ್ರಕಾರ ಆರೋಪ ಹೇಳಿ, ಉತ್ತರಕ್ಕೆ ಅವಕಾಶ ಕೊಡಬೇಕು. ಕೊಟ್ಟಿರಲಿಲ್ಲ, ಹಾಗಾಗಿ ಆದೇಶ ಬಿತ್ತು.

2005ರಲ್ಲಿ ವಿ. ರಾಮಕೃಷ್ಣನ್ ಪ್ರಕರಣ ಇದಕ್ಕೆ ಇನ್ನೊಂದು ಸಾಲು ಸೇರಿಸಿತು: ಅವಧಿ ಗೊತ್ತುಪಡಿಸಿ ಕರೆಸಿಕೊಂಡಿದ್ದರೆ, ಸರಿಯಾದ ಕಾರಣವಿಲ್ಲದೆ ಸಾಮಾನ್ಯವಾಗಿ ಮೊಟಕುಗೊಳಿಸಬಾರದು. 2012ರ ಅಶೋಕ್ ಕುಮಾರ್ ರತಿಲಾಲ್ ಪಟೇಲ್ ಪ್ರಕರಣದಲ್ಲಿ, ಸುಮ್ಮನೆ ವರ್ಗವಾಗಿ ಎರವಲು ಬಂದವನು ಬೇರೆ, ಜಾಹೀರಾತು ನೋಡಿ ಅರ್ಜಿ ಹಾಕಿ ಆಯ್ಕೆಯಾಗಿ ಬರುವವನು ಬೇರೆ, ಎರಡನೆಯವನಿಗೆ ಕೊಟ್ಟ ಆಹ್ವಾನವನ್ನು ಮನಬಂದಂತೆ ಹಿಂತೆಗೆಯೋಕೆ ಆಗಲ್ಲ ಅಂದರು. ಕೇಂದ್ರದ 2010ರ ಸುತ್ತೋಲೆಯಲ್ಲೂ ಇದರ ನೆರಳಿದೆ. ಅವಧಿಗೆ ಮೊದಲು ವಾಪಸ್ ಕಳಿಸಬೇಕಾದರೆ ಮಾತೃ ಇಲಾಖೆಗೂ ನೌಕರನಿಗೂ ಮೂರು ತಿಂಗಳ ಮುಂಚಿತ ತಿಳಿವಳಿಕೆ. ನಮ್ಮ ನೋಟಿಸ್ ಪೀರಿಯಡ್ ಇದ್ದ ಹಾಗೆ, ಆದರೆ ಇಲ್ಲಿ ಕೊಡಬೇಕಾದವರು ಅವರು.

ದುಡ್ಡಿನ ವಿಷಯ ಬೇಗ ಮುಗಿಸ್ತೀನಿ. ಕೇಂದ್ರ ನೌಕರರಿಗೆ ಎರವಲು ಭತ್ಯೆ ಅದೇ ಊರಿನಲ್ಲಾದರೆ ಮೂಲವೇತನದ ಶೇ. 5, ಬೇರೆ ಊರಾದರೆ ಶೇ. 10. 2017ರ ಆದೇಶದಲ್ಲಿ ಮಿತಿ ತಿಂಗಳಿಗೆ 4,500 ಮತ್ತು 9,000 ರೂಪಾಯಿ. ತುಟ್ಟಿಭತ್ಯೆ ಶೇ. 50 ಏರಿದಾಗಲೆಲ್ಲ ಈ ಮಿತಿ ಶೇ. 25ರಷ್ಟು ಏರುತ್ತೆ. ಆನ್‌ಸೈಟ್ ಅಲೋಯನ್ಸ್ ಜೊತೆ ಹೋಲಿಸಬೇಡಿ, ಬೇಜಾರಾಗುತ್ತೆ.

ಕೊನೆಗೊಂದು ವಿಚಿತ್ರ ಜಾತಿಯ ಎರವಲು ಇದೆ. ಇದರಲ್ಲಿ ನೌಕರ ಎಲ್ಲೂ ಹೋಗಲ್ಲ, ಅವನ ಕೆಳಗಿನ ನೆಲವೇ ಬೇರೆಯಾಗುತ್ತೆ. 2000ದ ಅಕ್ಟೋಬರ್ 1ರಂದು ಬಿಎಸ್‌ಎನ್‌ಎಲ್ ಹುಟ್ಟಿತು. ಹಿಂದಿನ ಸಂಜೆ ದೂರಸಂಪರ್ಕ ಇಲಾಖೆಯ ನೌಕರರಾಗಿ ಮನೆಗೆ ಹೋದವರು ಬೆಳಗ್ಗೆ ಅದೇ ಎಕ್ಸ್‌ಚೇಂಜಿಗೆ, ಅದೇ ಕುರ್ಚಿಗೆ ಎರವಲು ಬಂದವರಾದರು. ಇದಕ್ಕೆ ಡೀಮ್ಡ್ ಡೆಪ್ಯುಟೇಷನ್ ಅಂತ ಹೆಸರು, ಭತ್ಯೆ ಇಲ್ಲ. ಆಮೇಲೆ ಆಯ್ಕೆ ಕೇಳಿ ಕಂಪನಿಗೆ ಸೇರಿಸಿಕೊಂಡರು. ಸರ್ಕಾರಿ ಪಿಂಚಣಿ ಉಳಿಯಲಿ ಅಂತ ಪಿಂಚಣಿ ನಿಯಮಗಳಿಗೆ 37-ಎ ಅನ್ನುವ ನಿಯಮವನ್ನು ಆಗಲೇ ಸೇರಿಸಲಾಗಿತ್ತು.

ಆಕಾಶವಾಣಿ, ದೂರದರ್ಶನದವರ ಕಥೆ ಇನ್ನೂ ಎಳೆದದ್ದು. ಪ್ರಸಾರ ಭಾರತಿ ನಿಗಮ 1997ರ ನವೆಂಬರ್‌ನಲ್ಲಿ ಶುರುವಾಯಿತು. ಅಲ್ಲಿದ್ದ ಸಾವಿರಾರು ಮಂದಿ ಸರ್ಕಾರಿ ನೌಕರರೋ ನಿಗಮದ ನೌಕರರೋ ಅನ್ನುವ ಪ್ರಶ್ನೆ ವರ್ಷಗಟ್ಟಲೆ ನೇತಾಡಿತು. 2011ರ ಕೊನೆಯಲ್ಲಿ ಸಂಸತ್ತು ಕಾಯ್ದೆ ತಿದ್ದಿ, 2007ರ ಅಕ್ಟೋಬರ್ 5ಕ್ಕೆ ಮೊದಲು ನೇಮಕವಾದವರೆಲ್ಲ ನಿವೃತ್ತಿಯವರೆಗೂ ಡೀಮ್ಡ್ ಡೆಪ್ಯುಟೇಷನ್ ಮೇಲೆ ಇರುವವರು ಅಂತ ಹೇಳಿತು. ನಿವೃತ್ತಿಯವರೆಗೂ ಎರವಲು! ವಾಪಸ್ ಕೊಡದ ಎರವಲು. ಆದರೆ ನೌಕರರು ಬಯಸಿದ್ದೂ ಅದನ್ನೇ, ಯಾಕಂದ್ರೆ ಆ ಒಂದು ಪದದಿಂದ ಅವರ ಸರ್ಕಾರಿ ನೌಕರಿ ಮತ್ತು ಪಿಂಚಣಿ ಉಳಿದವು.

ಅಪ್ಪನ ವಿಷಯಕ್ಕೆ ವಾಪಸ್ ಬರ್ತೀನಿ. ಅವರು ಕೋರ್ಟಿಗೆ ಹೋಗಲಿಲ್ಲ. ನಿವೃತ್ತರಾಗಿದ್ದ ಅವರ ಹಳೇ ಸಹೋದ್ಯೋಗಿಯೊಬ್ಬರು ಬಳ್ಳಾರಿ ತೀರ್ಪಿನ ಜೆರಾಕ್ಸ್ ಕೊಟ್ಟರು. ಅಪ್ಪ ಅದನ್ನು ಲಗತ್ತಿಸಿ, ನಿಯೋಜನೆ ಆದೇಶ, ಪ್ರತಿ ವಿಸ್ತರಣೆಯ ಆದೇಶ, ನಿಗಮ ಕಟ್ಟಿದ ಪಿಂಚಣಿ ವಂತಿಗೆಯ ಚಲನ್ ಎಲ್ಲ ಸೇರಿಸಿ ಮನವಿ ಕೊಟ್ಟರು. ಒಂದು ವಿಸ್ತರಣೆಯ ಆದೇಶ ಸಿಗಲಿಲ್ಲ. ಆ ಒಂದು ಹಾಳೆಗಾಗಿ ಹನ್ನೊಂದು ತಿಂಗಳು ಓಡಾಡಿದರು. ಕೊನೆಗೆ ನಿಗಮದ ಒಬ್ಬ ಕ್ಲರ್ಕ್ ಅದರ ಕಾರ್ಬನ್ ಪ್ರತಿ ಹುಡುಕಿಕೊಟ್ಟರು. ಪರಿಷ್ಕೃತ ಪಟ್ಟಿಯಲ್ಲಿ ಅಪ್ಪನ ಹೆಸರು ತನ್ನ ಜಾಗಕ್ಕೆ ಬಂತು, ಬಡ್ತಿ ಹಿಂದಿನ ದಿನಾಂಕದಿಂದ ಸಿಕ್ಕಿತು. ಹಿಂಬಾಕಿ ಸಿಗಲಿಲ್ಲ. ಪಿಂಚಣಿ ಲೆಕ್ಕಕ್ಕೆ ಮಾತ್ರ ಆ ಬಡ್ತಿ ಬಂತು, ನಿವೃತ್ತಿಗೆ ಆಗ ಇನ್ನು ಹದಿನಾಲ್ಕು ತಿಂಗಳಿತ್ತು.

ನಿಮ್ಮ ಮನೆಯಲ್ಲಿ ಯಾರಾದರೂ ಈಗ ನಿಯೋಜನೆ ಮೇಲೆ ಇದ್ದರೆ, ಈ ಸಲ ಊರಿಗೆ ಹೋದಾಗ ಅವರ ವಿಸ್ತರಣೆ ಆದೇಶಗಳನ್ನೆಲ್ಲ ಫೋನಿನಲ್ಲಿ ಸ್ಕ್ಯಾನ್ ಮಾಡಿ ಇಟ್ಟುಕೊಳ್ಳಿ. ಸೇವಾ ಪುಸ್ತಕದಲ್ಲಿ ಅದರ ನಮೂದು ಇದೆಯಾ ಅಂತಲೂ ನೋಡಿ. ಅಪ್ಪನ ಆ ಕಾರ್ಬನ್ ಪ್ರತಿ ಈಗ ನನ್ನ ಹತ್ತಿರ ಇದೆ, ಅಕ್ಷರ ಅರ್ಧ ಮಾಸಿದೆ.